ಬೌಸ್ಕ ರಸ್ತೆ, ಸಂಜೆ ಏಳು

ಹಾಲಿನ ಕೇಂದ್ರಕ್ಕೆ ಬೀಗ ಜಡಿದು ಹೊರಟಾಗ ಐದೂವರೆ.
ಕೈ ತೊಳೆದಿದ್ದೆ, ಎರಡು ಸಲ; ಆದರೂ
ಬೆರಳ ಸಂದಿಯಲ್ಲಿ ಹುಳಿಮೊಸರಿನ ವಾಸನೆ.
ಪಕ್ಕದಲ್ಲಿ ನಿಲ್ಲುವವರು ಏನಂದುಕೊಂಡಾರೋ
ಎಂಬುದಷ್ಟೇ ಆವತ್ತು ನನ್ನ ಚಿಂತೆ.
ಸಾಮ್ರಾಜ್ಯ ಗೀಮ್ರಾಜ್ಯ ತಲೆಯಲ್ಲಿರಲಿಲ್ಲ.

ಮೂರು ದೇಶ, ಆರುನೂರು ಚಿಲ್ಲರೆ ಕಿಲೋಮೀಟರು,
ತಾಲಿನ್‌ನಿಂದ ವಿಲ್ನಿಯಸ್‌ವರೆಗೆ ಕೈಗೆ ಕೈ:
ಕಾಗದದ ಮೇಲೆ ಸಲೀಸು.
ನಮ್ಮೂರಿನ ಪಾಲಿಗೆ ಬಂದದ್ದು
ಸುಟ್ಟ ಗಿರಣಿಯ ತಿರುವಿನಿಂದ ಸೇತುವೆಯ ತನಕ,
ಎರಡೂ ಕಡೆ ಕೊಯ್ದ ಹೊಲದ ಕೂಳೆ,
ನಡುವೆ ಕಾದ ಡಾಂಬರು.
ಜನ ಸಾಲದು.
ರೀಗಾದಿಂದ ಬರಬೇಕಿದ್ದ ಬಸ್ಸು
ಕಾರುಗಳ ಸಾಲಿನಲ್ಲೆಲ್ಲೋ ಸಿಕ್ಕಿಕೊಂಡಿದೆಯಂತೆ.

ಮಿಲ್ಡಾ ತಲೆವಸ್ತ್ರ ಬಿಚ್ಚಿ ಉದ್ದಕ್ಕೆ ಹಿಡಿದಳು.
ಗುಂಟಿಸ್ ಬೆಲ್ಟು ಕಳಚಿ ಒಂದು ತುದಿ ಚಾಚಿ
ಇನ್ನೊಂದು ಕೈಯಲ್ಲಿ ಜಾರುವ ಪ್ಯಾಂಟು ಹಿಡಿದುಕೊಂಡ.
ಹಾಗಾದರೆ ಸರಪಳಿ ಅಲ್ಲೇ ಕಡಿಯಿತಲ್ಲೋ, ಎಂದು
ಅರ್ಧ ಮೈಲಿ ನಕ್ಕಿತು.
ಕರು ಕಟ್ಟುವ ಹಗ್ಗ ಬಂತು.
ಆದರೂ ನನ್ನ ಎಡಕ್ಕೆ ಒಬ್ಬಾಳಿನಷ್ಟು ಬಯಲು.

ಏಳಕ್ಕೆ ಎರಡು ನಿಮಿಷ ಇದೆ ಅನ್ನುವಾಗ
ಸೈಕಲ್ಲನ್ನು ಚರಂಡಿಯ ದಡಕ್ಕೆ ಮಲಗಿಸಿ
ಬಂದ, ಯೇಕಾಬ್ಸ್.

ಊರಿಗೆಲ್ಲ ಗೊತ್ತು; ಬಾಯಿಬಿಟ್ಟವರಿಲ್ಲ.
ನಲವತ್ತೊಂಬತ್ತರ ಮಾರ್ಚಿನಲ್ಲಿ
ಗ್ರಾಮ ಸಮಿತಿಯ ಮೇಜಿನ ಮೇಲಿದ್ದ ಪಟ್ಟಿ
ಅವನ ಕೈಬರಹ.
ಗುಂಡಗೆ, ಮುದ್ದಾಗಿ, ಶಾಲೆಯಲ್ಲಿ ಬಹುಮಾನ ಪಡೆದದ್ದು.
ಹದಿನಾಲ್ಕನೇ ಸಾಲು ನಮ್ಮಪ್ಪ,
ಹದಿನೈದು ಅಮ್ಮ,
ಹದಿನಾರು ಎಂಟು ವರ್ಷದ ನಾನು.
ದನದ ಡಬ್ಬಿಯಲ್ಲಿ ಹತ್ತೊಂಬತ್ತು ದಿನ.
ಓಮ್ಸ್ಕ್‌ನ ಆಚೆ, ಅಪ್ಪನನ್ನು ಮಣ್ಣು ಮಾಡಲು
ಮಣ್ಣು ಕರಗುವ ತನಕ ಕಾದೆವು.

ಆವತ್ತು ಕೈಕೊಟ್ಟವನು
ಈಗ ಕೈ ಕೊಡುತ್ತಿದ್ದಾನೆ.
ಬಲಗೈ. ಅದೇ.

ಕಾರಿನ ರೇಡಿಯೊದಲ್ಲಿ ಗಂಟೆ ಬಡಿಯತೊಡಗಿತು.
ಹಿಡಿಯದಿದ್ದರೆ ಮೂರು ದೇಶಗಳ ನಡುವೆ
ಒಂದು ಗೇಣು ಬಿರುಕು.
ಹಿಡಿದರೆ, ಓಮ್ಸ್ಕ್‌ನ ಆಚೆ...
ಮುಂದಿನದನ್ನು ಯೋಚಿಸಲಿಲ್ಲ. ಅಷ್ಟರಲ್ಲಿ
ಮಿಲ್ಡಾ ನನ್ನ ಬಲಗೈ ಅದುಮಿದಳು.
ಅವಳದನ್ನು ಯಾರೋ ಅದುಮಿದ್ದರು, ಅವರದನ್ನು ಇನ್ಯಾರೋ;
ದಕ್ಷಿಣದಿಂದ ಬರುತ್ತಿದ್ದ ಅದು
ನನ್ನಲ್ಲಿಗೆ ಬಂದು ನಿಂತುಬಿಟ್ಟಿತ್ತು.

ಹಿಡಿದೆ.

ಬೆವೆತ ಕೈ. ನಡುಗುತ್ತಿತ್ತು,
ನನ್ನದೋ ಅವನದೋ.
ನಡುಬೆರಳ ಪಕ್ಕದಲ್ಲಿ ಲೇಖನಿ ಒತ್ತಿ ಒತ್ತಿ
ಕಟ್ಟಿದ ಜಡ್ಡು; ಹದಿನೈದು ನಿಮಿಷವೂ
ನನ್ನ ಬೆರಳಿಗೆ ತಾಗುತ್ತಲೇ ಇತ್ತು.
ಕ್ಷಮಿಸಿದಳು ಎಂದು ಯಾರಾದರೂ ಬರೆದಾರು, ನಂಬಬೇಡಿ.
ಅವನೂ ಕೇಳಲಿಲ್ಲ.
ಹಾಲಿನ ವಾಸನೆ, ಅಂದ.
ಹೂಂ, ಅಂದೆ.
ನಲವತ್ತು ವರ್ಷದಲ್ಲಿ ನಾವಾಡಿದ್ದು ಅಷ್ಟೇ.

ಎರಡು ವರ್ಷಕ್ಕೆ ಬಾವುಟ ಬದಲಾಯಿತು.
ಅದಕ್ಕೆ ಮೊದಲು ಒಂದು ಜನವರಿ, ರೀಗಾದ ಬೀದಿಗೆ
ನಾಟಾ ಲಾರಿಗಳನ್ನು ಅಡ್ಡ ನಿಲ್ಲಿಸಿ
ರಾತ್ರಿಯೆಲ್ಲ ಬೆಂಕಿ ಕಾಯಿಸಿದೆವು.
ನೋಟು ಬದಲಾಯಿತು. ಹಾಲಿನ ಕೇಂದ್ರ ಮುಚ್ಚಿತು.
ಈಗ ಮೊಮ್ಮಗ ಶಾಲೆಯ ಪಾಠಕ್ಕೆಂದು ಕೇಳುತ್ತಾನೆ:
ಅಜ್ಜಿ, ಸರ್ಕಾರವನ್ನು ಬೀಳಿಸಿದ್ದು ಹೇಗೆ?
ಬೀಳಿಸಲಿಲ್ಲ ಮಗಾ; ನಾವು ಒಬ್ಬರನ್ನೊಬ್ಬರು
ಮುಟ್ಟದೆ ಬಿಟ್ಟಿದ್ದರ ಮೇಲೇ ಅದು ನಿಂತಿತ್ತು,
ಎಂದೇನೋ ಹೇಳುತ್ತೇನೆ. ಬರೆದುಕೊಳ್ಳುತ್ತಾನೆ.
ಟೀಚರಿಗೆ ಇಷ್ಟವಾಗುತ್ತದೆ.

ಅವನಿಗೆ ಹೇಳದೆ ಉಳಿಸಿಕೊಂಡದ್ದು ಇದು:
ಏಳೂಕಾಲಿಗೆ ಕೈಗಳು ಕಳಚಿದವು.
ಯೇಕಾಬ್ಸ್ ಸೈಕಲ್ಲು ಎತ್ತಿಕೊಂಡು
ಹತ್ತದೆ, ತಳ್ಳಿಕೊಂಡೇ ಹೋದ.
ಆಗ ಬಂತು ರೀಗಾದ ಬಸ್ಸು.
ನಲವತ್ತು ಜನ ದಡಬಡ ಇಳಿದರು,
ಮುಗಿಯಿತೇ? ಮುಗಿದೇಹೋಯಿತೇ?
ಒಬ್ಬಳು ಅಳುತ್ತಿದ್ದಳು, ಹೊಸ ಚಪ್ಪಲಿ ಹಾಕಿದ್ದಳು.
ಆಮೇಲೆ ಯಾರ ಅಪ್ಪಣೆಗೂ ಕಾಯದೆ
ಖಾಲಿ ರಸ್ತೆಯ ಮೇಲೆ ಸಾಲಾಗಿ ನಿಂತರು.
ಸೇತುವೆ ಮುಟ್ಟಲು ಒಂದಾಳು ಕಡಿಮೆ.
ಅಮ್ಮಾ, ಬರ್ತೀರಾ, ಎಂದು ಕೂಗಿದರು.

ಎಡಗೈಯನ್ನು ಲಂಗಕ್ಕೆ ಒರೆಸಲು ಹೋದೆ,
ಒರೆಸದೆ ಹೋದೆ.